ಅಪ್ಪ ಒಂದು ಮನೆ, ಅಮ್ಮ ಒಂದು ಮನೆ

ಹೋದ ಸಂಚಿಕೆಯಲ್ಲಿ ಒಬ್ಬರು, ‘ಹಬ್ಬಕ್ಕೆ ಮನೆಮಂದಿಯೆಲ್ಲ ಕೂತು ನೋಡೋಕೆ ಒಂದು ಹಳೆಯ ಕನ್ನಡ ಸಿನಿಮಾ ಹೇಳಿ’ ಅಂತ ಕೇಳಿದ್ದರು. ನಾನು ಜಾಸ್ತಿ ಯೋಚನೆ ಮಾಡದೆ ‘ಸ್ಕೂಲ್ ಮಾಸ್ಟರ್, 1958’ ಅಂತ ಬರೆದು ಮುಂದಿನ ಪ್ರಶ್ನೆಗೆ ಹೋಗಿದ್ದೆ. ತಪ್ಪಾಯಿತು. ಆಮೇಲೆ ಬಂದ ಪತ್ರಗಳಲ್ಲಿ ಮುಕ್ಕಾಲು ಪಾಲು ಅದರದ್ದೇ. ಕೆಲವರು ಹಬ್ಬದ ದಿನ ಮನೆಯವರನ್ನೆಲ್ಲ ಅಳಿಸಿದ್ದಕ್ಕೆ ಬೈದಿದ್ದಾರೆ. ಕೆಲವರು ಸಿನಿಮಾ ಬಿಟ್ಟು ಸ್ವಂತ ಮನೆಯ ಕತೆಯನ್ನೇ ನಾಲ್ಕು ಪುಟ ಬರೆದಿದ್ದಾರೆ. ಅಡುಗೆ, ಮಂಡಿನೋವು, ಕೂದಲು ಉದುರುವುದು ಇತ್ಯಾದಿ ಕಳಿಸಿದವರು ದಯವಿಟ್ಟು ಮುಂದಿನ ಸಲದವರೆಗೆ ಕಾಯಿರಿ. ಈ ಸಲ ಪೂರ್ತಿ ಮೇಷ್ಟ್ರಿಗೇ.

ಪ್ರಶ್ನೆ: ನನಗೆ 23 ವರ್ಷ. ಕಪ್ಪು ಬಿಳುಪು ಸಿನಿಮಾ ಅಂದರೆ ನಿದ್ದೆ ಬರುತ್ತದೆ. ಕತೆ ಏನು ಅಂತ ಚುಟುಕಾಗಿ ಹೇಳಿಬಿಡಿ, ನೋಡುವುದು ತಪ್ಪಲಿ.
(ಓದುಗರು, ಕೋರಮಂಗಲ)

ಉತ್ತರ: ನೇರ ನಡೆಯ ಒಬ್ಬ ಮೇಷ್ಟ್ರು. ಹಾದಿ ತಪ್ಪಿದ ಹುಡುಗರನ್ನು ದಾರಿಗೆ ತರುತ್ತಾರೆ. ಊರಿನ ದೊಡ್ಡ ಮನುಷ್ಯರನ್ನು ಎದುರು ಹಾಕಿಕೊಳ್ಳುತ್ತಾರೆ. ಮಕ್ಕಳನ್ನು ಓದಿಸುತ್ತಾರೆ, ಸಾಲ ಮಾಡುತ್ತಾರೆ, ರಿಟೈರ್ ಆಗುತ್ತಾರೆ. ಆಮೇಲೆ ಗಂಡುಮಕ್ಕಳು ‘ಅಪ್ಪ ಒಬ್ಬರ ಮನೆಗೆ, ಅಮ್ಮ ಇನ್ನೊಬ್ಬರ ಮನೆಗೆ’ ಅಂತ ಹಂಚಿಕೊಳ್ಳುತ್ತಾರೆ. ಕೊನೆಗೆ ಕೈ ಹಿಡಿಯುವವನು ಹೊಟ್ಟೆಯಲ್ಲಿ ಹುಟ್ಟಿದವನಲ್ಲ. ಹಿಂದೆ ಮೇಷ್ಟ್ರು ತಿದ್ದಿದ್ದ ಒಬ್ಬ ಹುಡುಗ, ಈಗ ಪೊಲೀಸ್ ಅಧಿಕಾರಿ. ಆ ಚಿಕ್ಕ ಪಾತ್ರಕ್ಕೆ ಬಂದವರು ಶಿವಾಜಿ ಗಣೇಶನ್.

ನಿರ್ಮಾಣ, ನಿರ್ದೇಶನ, ಮೇಷ್ಟ್ರ ಪಾತ್ರ ಮೂರೂ ಬಿ.ಆರ್. ಪಂತುಲು ಅವರದ್ದೇ. ಹೆಂಡತಿಯಾಗಿ ಎಂ.ವಿ. ರಾಜಮ್ಮ. ಉದಯಕುಮಾರ್, ಬಿ. ಸರೋಜಾದೇವಿ, ನರಸಿಂಹರಾಜು ಎಲ್ಲ ಇದ್ದಾರೆ. ಕತೆ ತಿಳಿದ ಮೇಲೂ ಒಂದು ಸಲ ನೋಡಿ. ಪೂರ್ತಿ ಬೇಡ, ವಯಸ್ಸಾದ ಆ ಗಂಡ ಹೆಂಡತಿ ಬೇರೆಯಾಗುವ ಭಾಗ ಸಾಕು. ನಿದ್ದೆ ಬಂದರೆ ಬಂದು ನನ್ನನ್ನು ಬೈಯಿರಿ.

ಪ್ರಶ್ನೆ: ಇದು ‘ಬಾಗ್ಬಾನ್’ ಕತೆ ಅಲ್ವಾ? ಹಿಂದಿಯವರು ನಮ್ಮದನ್ನು ಕದ್ದು ಅಷ್ಟು ದೊಡ್ಡ ಹೆಸರು ಮಾಡಿದರೂ ನಾವು ಸುಮ್ಮನಿದ್ದೇವಲ್ಲ!
(ಕನ್ನಡಿಗ, ರಾಜಾಜಿನಗರ)

ಉತ್ತರ: ಸ್ವಲ್ಪ ತಣ್ಣಗಾಗಿ. ‘ಬಾಗ್ಬಾನ್’ ಬಂದದ್ದು 2003ರಲ್ಲಿ, ನಮ್ಮದು ಅದಕ್ಕಿಂತ 45 ವರ್ಷ ಹಳೆಯದು, ಅದು ನಿಜ. ಆದರೆ ನಮ್ಮದಕ್ಕೂ ಮೊದಲು, 1954ರಲ್ಲೇ, ಮರಾಠಿಯಲ್ಲಿ ರಾಜಾ ಪರಾಂಜಪೆ ಅವರ ‘ಊನ್ ಪಾವುಸ್’ ಬಂದಿತ್ತು. ಅದರಲ್ಲೂ ವಯಸ್ಸಾದ ಅಪ್ಪ ಅಮ್ಮ, ಬೇರೆ ಬೇರೆ ಮಕ್ಕಳ ಮನೆ. ಇನ್ನೂ ಹಿಂದೆ ಹೋದರೆ 1937ರಲ್ಲಿ ಅಮೆರಿಕದ ಲಿಯೋ ಮೆಕೇರಿ ಇದೇ ವಿಷಯದ ಮೇಲೆ ಸಿನಿಮಾ ಮಾಡಿದ್ದರು. ಈ ಕತೆಯನ್ನು ಯಾರ ಹತ್ತಿರವೂ ಕದಿಯಬೇಕಾಗಿಲ್ಲ ಸ್ವಾಮಿ, ಪಕ್ಕದ ಮನೆಯ ಬಾಗಿಲು ತೆರೆದಿದ್ದರೆ ಕಾಣಿಸುತ್ತದೆ.

ಹೆಮ್ಮೆ ಪಡಲೇಬೇಕು ಅಂದರೆ ಬೇರೆ ಕಾರಣ ಇದೆ. ನಮ್ಮ ಸಿನಿಮಾ ಬೇರೆ ಭಾಷೆಗಳಿಗೆ ಹೋಯಿತು. ತಮಿಳಿನಲ್ಲಿ, ಹಿಂದಿಯಲ್ಲಿ ಪಂತುಲು ಅವರೇ ಮಾಡಿದರು. 1964ರಲ್ಲಿ ಮಲಯಾಳಂನಲ್ಲಿ ಬಂತು. ಅದನ್ನು ನಿರ್ದೇಶಿಸಿದವರು ಯಾರು ಗೊತ್ತಾ? ಪಂತುಲು ಅವರ ಕೈಕೆಳಗೆ ಕೆಲಸ ಕಲಿತ ಪುಟ್ಟಣ್ಣ ಕಣಗಾಲ್. ಅವರು ಸ್ವತಂತ್ರವಾಗಿ ನಿರ್ದೇಶಿಸಿದ ಮೊದಲ ಸಿನಿಮಾ ಅದು. 1972ರಲ್ಲಿ ತೆಲುಗಿನಲ್ಲಿ ಎನ್.ಟಿ. ರಾಮರಾವ್ ಮೇಷ್ಟ್ರಾದರು. 2007ರಲ್ಲಿ ವಿಷ್ಣುವರ್ಧನ್, ಜಯಪ್ರದಾ ಅವರ ‘ಈ ಬಂಧನ’ ಬಂದಾಗ ಜನ ‘ಬಾಗ್ಬಾನ್ ಥರ ಇದೆ’ ಅಂದರು. ನನಗೆ ನಗು ಬಂತು. ಮದುವೆ ಮನೆಗೆ ಅಂತ ಕೊಟ್ಟ ನಮ್ಮ ಪಾತ್ರೆ ಊರೆಲ್ಲ ಸುತ್ತಿ, ಬೇರೆಯವರ ಹೆಸರು ಕೆತ್ತಿಸಿಕೊಂಡು, ನಮ್ಮ ಅಡುಗೆಮನೆಗೇ ವಾಪಸು ಬಂದ ಹಾಗಿತ್ತು.

ಪ್ರಶ್ನೆ: ಪಂತುಲು ಅವರು ನಿಜವಾಗಿಯೂ ಮೇಷ್ಟ್ರಾಗಿದ್ದರಂತೆ. ಹೌದಾ? ಬೆತ್ತ ಹಿಡಿಯುವ ರೀತಿ ನೋಡಿದರೆ ಹಾಗೇ ಅನಿಸುತ್ತದೆ.
(ನಿವೃತ್ತ ಗುಮಾಸ್ತರು, ಬಸವನಗುಡಿ)

ಉತ್ತರ: ಹೌದು, ನಾಟಕಕ್ಕೆ ಬರುವ ಮೊದಲು ಅವರು ಪಾಠ ಹೇಳುತ್ತಿದ್ದರು. ಹೆಸರಿನಲ್ಲೂ ಒಂದು ತಮಾಷೆ ಇದೆ. ತೆಲುಗಿನಲ್ಲಿ ‘ಪಂತುಲು’ ಅಂದರೆ ಮೇಷ್ಟ್ರು ಅಂತಲೇ. ಆ 1972ರ ತೆಲುಗು ಸಿನಿಮಾದ ಹೆಸರು ‘ಬಡಿ ಪಂತುಲು’. ಬಡಿ ಅಂದರೆ ಶಾಲೆ.

ನನಗೆ ಅದಕ್ಕಿಂತ ಇಷ್ಟವಾದ ವಿಷಯ ಬೇರೆ. 1936ರಲ್ಲಿ ಎಚ್.ಎಲ್.ಎನ್. ಸಿಂಹ ಅವರ ‘ಸಂಸಾರ ನೌಕ’ ಬಂತಲ್ಲ, ಕನ್ನಡದ ಮೊದಲ ಸಾಮಾಜಿಕ ಚಿತ್ರ ಅಂತ ಹೆಸರಾದದ್ದು, ಅದರಲ್ಲೂ ಪಂತುಲು ಮತ್ತು ರಾಜಮ್ಮ ಇದ್ದರು. ಆಗ ಹೊಸ ಪ್ರಾಯ. ಇಪ್ಪತ್ತೆರಡು ವರ್ಷ ಆದ ಮೇಲೆ ಅದೇ ಇಬ್ಬರು ಕೂದಲು ನರೆಸಿಕೊಂಡು ಮೇಷ್ಟ್ರು ದಂಪತಿಯಾಗಿ ಕೂತಿದ್ದಾರೆ. 1958ರಲ್ಲಿ ಟಾಕೀಸಿನಲ್ಲಿ ಕೂತಿದ್ದ ಎಷ್ಟೋ ಜನ ಆ ಹಳೆಯದನ್ನೂ ನೋಡಿದವರಾಗಿರಬೇಕು. ಅವರ ಪಾಲಿಗೆ ಇದು ಯಾರೋ ಇಬ್ಬರು ಮುದುಕರ ಕತೆ ಆಗಿರಲಿಕ್ಕಿಲ್ಲ. ಗೊತ್ತಿರುವ ಜೋಡಿ, ಕಣ್ಣೆದುರೇ ಮುದುಕರಾದವರು. ಅವರನ್ನು ಬೇರೆ ಮಾಡಿದರೆ ಹೊಟ್ಟೆಗೆ ಕಲ್ಲು ಹಾಕಿದ ಹಾಗೆ ಆಗದೆ ಇರುತ್ತದಾ? ರಾಜಮ್ಮ ಬರೀ ನಟಿಯಲ್ಲ ಅನ್ನುವುದನ್ನೂ ಇಲ್ಲೇ ಹೇಳಿಬಿಡುತ್ತೇನೆ. 1943ರಲ್ಲಿ ‘ರಾಧಾರಮಣ’ ಅಂತ ಸ್ವಂತ ಸಿನಿಮಾ ನಿರ್ಮಿಸಿದವರು ಅವರು. ಕನ್ನಡದ ಮೊದಲ ನಿರ್ಮಾಪಕಿ. ಇವತ್ತಿನ ಹುಡುಗರಿಗೆ ಅವರ ಹೆಸರು ಹೇಳಿದರೆ ‘ಯಾರು?’ ಅನ್ನುತ್ತಾರೆ, ಬೇಜಾರಾಗುತ್ತದೆ.

ಪ್ರಶ್ನೆ: ‘ಸ್ವಾಮಿ ದೇವನೆ’ ನಮ್ಮ ಶಾಲೆಯ ಪ್ರಾರ್ಥನೆ. ಸಿನಿಮಾದಿಂದ ಶಾಲೆಗೆ ಬಂತಾ, ಶಾಲೆಯಿಂದ ಸಿನಿಮಾಕ್ಕೆ ಹೋಯಿತಾ?
(ಓದುಗರು, ಯಶವಂತಪುರ)

ಉತ್ತರ: ಬರೆದವರು ಸೋಸಲೆ ಅಯ್ಯಾಶಾಸ್ತ್ರಿಗಳು. ಮೈಸೂರು ಅರಮನೆಯ ಕಾಲದ ಪಂಡಿತರು. ಈ ಸಿನಿಮಾ ಬರುವ ಎಷ್ಟೋ ವರ್ಷ ಮೊದಲೇ ತೀರಿಕೊಂಡಿದ್ದರು. ಹಾಗಾಗಿ ಪದ್ಯ ಹಳೆಯದು. ಸಿನಿಮಾಕ್ಕೆ ರಾಗ ಹಾಕಿದವರು ಟಿ.ಜಿ. ಲಿಂಗಪ್ಪ. ಇನ್ನು ನಿಮ್ಮ ಶಾಲೆಯಲ್ಲಿ ಅದನ್ನು ಯಾವ ರಾಗದಲ್ಲಿ ಹಾಡುತ್ತಿದ್ದಿರಿ ಅನ್ನುವುದನ್ನು ನೀವೇ ಹೇಳಬೇಕು. ನಮ್ಮ ಶಾಲೆಯಲ್ಲಿ ಬಿಸಿಲಿಗೆ ನಿಂತು ಒಬ್ಬೊಬ್ಬರು ಒಂದೊಂದು ರಾಗದಲ್ಲಿ ಹಾಡುತ್ತಿದ್ದೆವು.

ಪ್ರಶ್ನೆ: ನಾವು ಇಬ್ಬರು ಗಂಡುಮಕ್ಕಳು. ನಾನು ಬನಶಂಕರಿಯಲ್ಲಿ, ತಮ್ಮ ವೈಟ್‌ಫೀಲ್ಡಿನಲ್ಲಿ. ತಮ್ಮನಿಗೆ ಮಗುವಾದಾಗಿನಿಂದ ಅಮ್ಮ ಅಲ್ಲಿದ್ದಾರೆ, ಅಪ್ಪ ನಮ್ಮಲ್ಲಿ. ಎರಡು ವರ್ಷ ಆಯಿತು. ಜಗಳ ಇಲ್ಲ, ಊಟ ಔಷಧಿಗೆ ಕೊರತೆ ಇಲ್ಲ, ದಿನಾ ರಾತ್ರಿ ವಿಡಿಯೋ ಕಾಲ್ ಮಾಡಿಸುತ್ತೇವೆ. ನೀವು ಹೇಳಿದಿರಿ ಅಂತ ಹಬ್ಬದ ದಿನ ಆ ಸಿನಿಮಾ ಹಾಕಿದೆ. ಅರ್ಧಕ್ಕೆ ಅಪ್ಪ ಎದ್ದು ಬಾಲ್ಕನಿಗೆ ಹೋಗಿ, ಒಣಗಿದ ಬಟ್ಟೆ ತೆಗೆದು ಒಂದೊಂದಾಗಿ ಮಡಚುತ್ತಾ ಕೂತರು. ಮುಗಿಯುವವರೆಗೆ ಒಳಗೆ ಬರಲಿಲ್ಲ. ನಾನು ಆ ಸಿನಿಮಾದ ಮಗನಾ?
(ಹಿರಿಯ ಮಗ, ಬನಶಂಕರಿ)

ಉತ್ತರ: ನಿಮ್ಮ ಪತ್ರ ಓದಿ ನಾನು ಎದ್ದು ಕಾಫಿ ಮಾಡಿಕೊಂಡು ಬಂದೆ. ಅಲ್ಲ, ನೀವು ಆ ಮಗ ಅಲ್ಲ. ಆ ಮಗನಾಗಿದ್ದರೆ ಬಾಲ್ಕನಿ ಕಡೆ ತಿರುಗಿ ನೋಡುತ್ತಿರಲಿಲ್ಲ. ಆದರೆ ಒಂದು ಮಾತು ಕೇಳಿ. ಸಿನಿಮಾದಲ್ಲಿ ಆ ದಂಪತಿಗೆ ಆಗುವ ನೋವಿಗೆ ಮಕ್ಕಳ ಕೆಟ್ಟತನ ಅರ್ಧ ಕಾರಣ ಅಷ್ಟೆ. ಇನ್ನರ್ಧ, ಅವರನ್ನು ಹಂಚುವಾಗ ಯಾರೂ ಅವರನ್ನು ಕೇಳಲಿಲ್ಲ ಅನ್ನುವುದು. ಮಕ್ಕಳು ಒಳ್ಳೆಯವರೇ ಆಗಿದ್ದರೂ ಆ ಅರ್ಧ ಹಾಗೇ ಉಳಿಯುತ್ತದೆ. ನಿಮ್ಮ ಮನೆಯಲ್ಲಿ ಉಳಿದಿರುವುದು ಅದೇ.

ನಮ್ಮ ಅಜ್ಜ ಅಜ್ಜಿಯದ್ದೂ ಹೀಗೇ ಇತ್ತು. ಅಜ್ಜ ಚಾಮರಾಜಪೇಟೆಯಲ್ಲಿ ನಮ್ಮ ಜೊತೆ, ಅಜ್ಜಿ ಮಲ್ಲೇಶ್ವರದಲ್ಲಿ ಚಿಕ್ಕಪ್ಪನ ಮನೆಯಲ್ಲಿ. ಕಾರಣವೂ ಅದೇ, ಮಗು ನೋಡಿಕೊಳ್ಳಲು. ಆರು ತಿಂಗಳು ಅಂತ ಹೋದವರು ನಾಲ್ಕು ವರ್ಷ ಇದ್ದರು. ನಾನು ಹೈಸ್ಕೂಲು. ಭಾನುವಾರ ಬಸ್ಸಿನಲ್ಲಿ ಹೋಗಿ ಅಜ್ಜಿ ಕೊಟ್ಟ ಉಪ್ಪಿನಕಾಯಿ ಡಬ್ಬಿ ತರುವುದು ನನ್ನ ಕೆಲಸ. ಅಜ್ಜ ಡಬ್ಬಿ ತೆರೆದು, ಬೆರಳಿಗೆ ಸ್ವಲ್ಪ ಹಚ್ಚಿಕೊಂಡು ನೆಕ್ಕಿ, ‘ಉಪ್ಪು ಕಮ್ಮಿ ಅಂತ ಹೇಳು’ ಅನ್ನುತ್ತಿದ್ದರು. ಮುಂದಿನ ವಾರ ಹೋಗಿ ಹೇಳಿದರೆ ಅಜ್ಜಿ, ‘ಅವರಿಗೆ ಬಿಪಿ ಇದೆ ಅಂತ ನೆನಪಿಲ್ವಾ ಅಂತ ಕೇಳು’ ಅನ್ನುತ್ತಿದ್ದರು. ನಾಲ್ಕು ವರ್ಷ ಅವರಿಬ್ಬರು ಸಂಸಾರ ಮಾಡಿದ್ದು ಆ ಡಬ್ಬಿಯ ಮೂಲಕ. ನನಗೆ ಆಗ ಅದೊಂದು ತಮಾಷೆ. ದೂರದರ್ಶನದಲ್ಲಿ ಒಂದು ಭಾನುವಾರ ಸಂಜೆ ‘ಸ್ಕೂಲ್ ಮಾಸ್ಟರ್’ ಹಾಕಿದಾಗ ಅಜ್ಜ ಗೋಡೆ ಕಡೆ ತಿರುಗಿ ಮಲಗಿದರು. ಅವರಿಗೆ ಬಾಲ್ಕನಿ ಇರಲಿಲ್ಲ.

ಈಗ ನಿಮ್ಮ ವಿಷಯ. ಅಪ್ಪನನ್ನು ಬೇರೆ, ಅಮ್ಮನನ್ನು ಬೇರೆ ಕೇಳಿ. ಎಲ್ಲರ ಎದುರು ಕೇಳಿದರೆ ಇಬ್ಬರೂ ‘ನಮಗೇನಪ್ಪ, ಎಲ್ಲಿದ್ದರೂ ಒಂದೇ’ ಅನ್ನುತ್ತಾರೆ. ಅದು ಉತ್ತರ ಅಲ್ಲ, ನಿಮಗೆ ತೊಂದರೆ ಆಗದಿರಲಿ ಅಂತ ಹೇಳುವ ಮಾತು. ಅಮ್ಮನಿಗೆ ಮೊಮ್ಮಗುವನ್ನು ಬಿಟ್ಟು ಬರಲು ಮನಸ್ಸಿಲ್ಲದೆಯೂ ಇರಬಹುದು, ಅದನ್ನೂ ಕೇಳಿಸಿಕೊಳ್ಳಿ. ಹಾಗಿದ್ದರೆ ಅಪ್ಪನೇ ಅಲ್ಲಿಗೆ ಹೋಗಬಹುದಲ್ಲ. ತಮ್ಮನ ಫ್ಲಾಟಿನಲ್ಲಿ ಜಾಗ ಇಲ್ಲ ಅಂದರೆ ಅದೇ ರಸ್ತೆಯಲ್ಲಿ ಒಂದು ರೂಮಿನ ಮನೆ ಬಾಡಿಗೆಗೆ ಹಿಡಿಯಿರಿ, ಬಾಡಿಗೆ ಇಬ್ಬರೂ ಹಾಕಿ. ಅಥವಾ ಮಗುವಿಗೆ ಆಯಾ ಇಡಲಿ, ಆ ಖರ್ಚಿನಲ್ಲಿ ಅರ್ಧ ನೀವು ಕೊಡಿ. ‘ನನ್ನ ಮಗು ಅಲ್ಲವಲ್ಲ’ ಅನಿಸಬಹುದು. ಆದರೆ ನೀವು ಕೊಡುತ್ತಿರುವುದು ಮಗುವಿಗಲ್ಲ, ಅಪ್ಪನಿಗೆ.

ಅಲ್ಲಿಯವರೆಗೆ ಕೂಡ ದಾರಿ ಇದೆ. ನೇರಳೆ ಮಾರ್ಗದ ಮೆಟ್ರೋ ವೈಟ್‌ಫೀಲ್ಡ್‌ವರೆಗೆ ಹೋಗಲು ಶುರುವಾಗಿ ಎಷ್ಟು ದಿನ ಆಯಿತು! ಬನಶಂಕರಿಯಲ್ಲಿ ಹತ್ತಿ ಮೆಜೆಸ್ಟಿಕ್‌ನಲ್ಲಿ ಬದಲಾಯಿಸಿದರೆ ಆಯಿತು. ಅಪ್ಪನಿಗೆ ಒಂದು ಕಾರ್ಡ್ ಮಾಡಿಸಿಕೊಡಿ, ಮೊದಲ ಎರಡು ಸಲ ಜೊತೆಗೆ ಹೋಗಿ ದಾರಿ ತೋರಿಸಿ. ಆಮೇಲೆ ಅವರ ಪಾಡಿಗೆ ಬಿಡಿ. ಇನ್ನು ಆ ವಿಡಿಯೋ ಕಾಲ್. ಮೊಮ್ಮಗು ಮಧ್ಯೆ, ಸೊಸೆ ಹಿಂದೆ, ಮಗ ಫೋನ್ ಹಿಡಿದುಕೊಂಡು ನಿಂತಿದ್ದರೆ ಎಪ್ಪತ್ತು ದಾಟಿದ ಗಂಡ ಹೆಂಡತಿ ಏನು ಮಾತಾಡುತ್ತಾರೆ? ‘ಊಟ ಆಯ್ತಾ?’ ‘ಆಯ್ತು.’ ಅಷ್ಟೆ. ಫೋನ್ ಅವರ ಕೈಗೆ ಕೊಟ್ಟು ನೀವೆಲ್ಲ ರೂಮಿನಿಂದ ಆಚೆ ಹೋಗಿ. ಬಾಗಿಲು ಹಾಕಿಕೊಂಡೇ ಹೋಗಿ.

ಏನಾಯಿತು ಅಂತ ಒಂದು ಸಾಲು ಬರೆಯಿರಿ. ಅಚ್ಚು ಹಾಕುವುದಿಲ್ಲ, ನನಗೆ ತಿಳಿಯಬೇಕು.

ಪ್ರಶ್ನೆ: ಈ ಹಳೆಯ ಸಂಸಾರದ ಸಿನಿಮಾಗಳಲ್ಲಿ ಯಾವಾಗಲೂ ಸೊಸೆಯೇ ಯಾಕೆ ಕೆಟ್ಟವಳು? ಗಂಡ ಬಾಯಿ ಮುಚ್ಚಿಕೊಂಡು ಕೂತರೆ ಅವನು ಪಾಪ, ಅವಳು ಮಾತಾಡಿದರೆ ರಾಕ್ಷಸಿ. ಅತ್ತೆ ಮಾವನಿಗೆ ಹನ್ನೊಂದು ವರ್ಷದಿಂದ ಅಡುಗೆ ಮಾಡಿ ಹಾಕುತ್ತಿರುವ ನನಗೆ ನೀವು ಹೇಳಿದ ಸಿನಿಮಾ ನೋಡಿ ಮೈ ಉರಿಯಿತು.
(ಸೊಸೆ, ವಿಜಯನಗರ)

ಉತ್ತರ: ಉರಿಯಬೇಕಾದ್ದೇ. ಆ ಕಾಲದ ಸಂಸಾರದ ಸಿನಿಮಾಗಳಿಗೆ ಅದೊಂದು ಅಂಟುರೋಗ, ಯಾವ ಭಾಷೆಯೂ ತಪ್ಪಿಸಿಕೊಂಡಿಲ್ಲ. ಅಪ್ಪ ಅಮ್ಮನನ್ನು ನೋಡಿಕೊಳ್ಳುವುದು ಮಗನ ಧರ್ಮ ಅಂತ ಡೈಲಾಗು, ನೀರು ಕಾಯಿಸಿ ಗಂಜಿ ಮಾಡಿ ಮಾತ್ರೆ ಎಣಿಸಿ ಕೊಡುವುದು ಸೊಸೆ. ಆ ಲೆಕ್ಕ ತೆರೆಯ ಮೇಲೆ ಎಲ್ಲೂ ಬರುವುದಿಲ್ಲ.

ಮೇಷ್ಟ್ರ ಬಗ್ಗೆಯೂ ನನಗೊಂದು ತಕರಾರಿದೆ. ಊರ ಮಕ್ಕಳನ್ನೆಲ್ಲ ತಿದ್ದಿದ ಮನುಷ್ಯ ಸ್ವಂತ ಮಕ್ಕಳು ಹೇಗೆ ಬೆಳೆಯುತ್ತಿದ್ದಾರೆ ಅಂತ ಯಾಕೆ ನೋಡಲಿಲ್ಲ? ಸಿನಿಮಾ ಈ ಪ್ರಶ್ನೆ ಕೇಳುವುದೇ ಇಲ್ಲ. ಸೊಸೆಯರ ಮೇಲೆ ಹಾಕಿದರೆ ಸುಲಭ ಅಲ್ವಾ. ಮೊನ್ನೆ ಮತ್ತೆ ನೋಡಿದಾಗ ಮೊದಲರ್ಧ ನನಗೆ ಜಾಸ್ತಿ ಇಷ್ಟವಾಯಿತು, ಶಾಲೆಯ ಭಾಗ. ಎರಡನೆಯ ಅರ್ಧದಲ್ಲಿ ಪಂತುಲು, ರಾಜಮ್ಮ ಇಬ್ಬರ ಮುಖ ಬಿಟ್ಟರೆ ಉಳಿದವರು ಬರೀ ಕೆಟ್ಟವರು, ಒಳ್ಳೆಯವರು ಅಂತ ಚೀಟಿ ಅಂಟಿಸಿಕೊಂಡು ಓಡಾಡುತ್ತಾರೆ. ನಿಮಗೆ ಒಂದು ಸಲಹೆ: ಮುಂದಿನ ಸಲ ಮನೆಯಲ್ಲಿ ಆ ಸಿನಿಮಾ ಹಾಕಿದಾಗ ಅಡುಗೆ ಕೆಲಸ ಗಂಡನಿಗೆ ಬಿಟ್ಟು ನೀವು ಸೋಫಾದ ಮೇಲೆ ಕೂತು ನೋಡಿ.

ಪ್ರಶ್ನೆ: ಸಿನಿಮಾ ನೋಡಿದ ಮೇಲೆ ಅಮ್ಮನಿಗೆ ಭಯ ಹತ್ತಿದೆ. ಅಪ್ಪ ಈಗಲೇ ಮನೆಯನ್ನು ನಮ್ಮ ಮೂವರ ಹೆಸರಿಗೆ ಮಾಡಿ ಕೈ ತೊಳೆದುಕೊಳ್ಳಬೇಕು ಅಂತಿದ್ದಾರೆ. ಮಾಡಬಹುದಾ?
(ಮಗಳು, ಮಲ್ಲೇಶ್ವರ)

ಉತ್ತರ: ಅಮ್ಮನ ಭಯಕ್ಕೆ ಬೆಲೆ ಕೊಡಿ. ದಾನಪತ್ರ ಮಾಡಿ ರಿಜಿಸ್ಟರ್ ಮಾಡಿದರೆ ಮನೆ ಆಗಲೇ ಕೈ ಬಿಟ್ಟು ಹೋಗುತ್ತದೆ. ಉಯಿಲು ಬರೆದರೆ ಅವರು ಇರುವವರೆಗೆ ಅವರದ್ದೇ, ಮನಸ್ಸು ಬದಲಾದರೆ ಬೇರೆ ಉಯಿಲೂ ಬರೆಯಬಹುದು. ಅಪ್ಪ ದಾನಪತ್ರವೇ ಆಗಬೇಕು ಅಂತ ಹಟ ಹಿಡಿದರೆ, ‘ನಮ್ಮಿಬ್ಬರನ್ನೂ ಕೊನೆಯವರೆಗೆ ನೋಡಿಕೊಳ್ಳಬೇಕು, ಈ ಮನೆಯಲ್ಲೇ ಇರಲು ಬಿಡಬೇಕು’ ಅನ್ನುವ ಷರತ್ತನ್ನು ಪತ್ರದೊಳಗೇ ಸ್ಪಷ್ಟವಾಗಿ ಬರೆಸಲಿ. 2007ರ ಪೋಷಕರ ಮತ್ತು ಹಿರಿಯ ನಾಗರಿಕರ ಕಾಯ್ದೆಯ 23ನೇ ಕಲಂ ಇರುವುದೇ ಅದಕ್ಕೆ. ಷರತ್ತು ಮುರಿದರೆ ಆ ವರ್ಗಾವಣೆಯನ್ನೇ ರದ್ದು ಮಾಡಿ ಅಂತ ನ್ಯಾಯಮಂಡಳಿಯನ್ನು ಕೇಳಬಹುದು. ನ್ಯಾಯಮಂಡಳಿ ಅಂದರೆ ಹೆದರಬೇಡಿ, ಉಪವಿಭಾಗಾಧಿಕಾರಿ ಕಚೇರಿ. ಇದೇ ಕಾಯ್ದೆಯಲ್ಲಿ ತಿಂಗಳಿಗೆ 10,000 ರೂಪಾಯಿವರೆಗೆ ಜೀವನಾಂಶ ಕೊಡಿಸಲೂ ಅವಕಾಶ ಇದೆ. ಸಹಿ ಮಾಡುವ ಮೊದಲು ಒಬ್ಬ ವಕೀಲರಿಗೆ ಕಾಗದ ತೋರಿಸಿ.

ಸಿನಿಮಾದ ಮೇಷ್ಟ್ರಿಗೂ ಕಾನೂನು ಇರಲಿಲ್ಲ ಅಂತಲ್ಲ. ಹಿಂದೂ ದತ್ತಕ ಮತ್ತು ಜೀವನಾಂಶ ಕಾಯ್ದೆ 1956ರಲ್ಲೇ ಬಂದಿತ್ತು. ಅದರಲ್ಲಿ ವಯಸ್ಸಾದ ಅಪ್ಪ ಅಮ್ಮನನ್ನು ಸಾಕುವುದು ಗಂಡುಮಕ್ಕಳ ಜೊತೆಗೆ ಹೆಣ್ಣುಮಕ್ಕಳ ಮೇಲೂ ಇದೆ, ಇದು ನಿಮಗೆ ಹೇಳಿದ್ದು! ಆದರೆ ಅಂಥ ಮನುಷ್ಯ ಮಕ್ಕಳ ಮೇಲೆ ಕೋರ್ಟಿಗೆ ಹೋಗುತ್ತಾರಾ? ಈಗಲೂ ಹೋಗುವವರು ಕಡಿಮೆ. ಕೋರ್ಟು ಕಚೇರಿ ಬೇಡ, ಯಾರಾದರೂ ಕೂತು ಮಾತಾಡಿಸಿದರೆ ಸಾಕು ಅನ್ನುವ ಹಿರಿಯರಿಗೆ ಬೆಂಗಳೂರಿನಲ್ಲಿ 1090 ಸಹಾಯವಾಣಿ ಇದೆ, ದೇಶಕ್ಕೆಲ್ಲ 14567 ಇದೆ. ಗೋಡೆಯ ಕ್ಯಾಲೆಂಡರ್ ಮೇಲೆ ಬರೆದಿಡಿ.

ಪ್ರಶ್ನೆ: ಆಗ ಎಷ್ಟು ವಾರ ಓಡಿತು? ಪ್ರಶಸ್ತಿ ಏನಾದರೂ ಬಂತಾ?
(ಓದುಗರು, ಹನುಮಂತನಗರ)

ಉತ್ತರ: 25 ವಾರ. ಕನ್ನಡದಲ್ಲಿ ಅಷ್ಟು ಓಡಿದ ಮೊದಲ ಸಿನಿಮಾ ಅಂತ ಇದನ್ನೇ ಹೇಳುತ್ತಾರೆ. ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಯಲ್ಲಿ ಅರ್ಹತಾ ಪತ್ರವೂ ಬಂತು. ಆ ಕಾಲಕ್ಕೆ ಕನ್ನಡ ಸಿನಿಮಾ ಹೆಚ್ಚಾಗಿ ತಯಾರಾಗುತ್ತಿದ್ದದ್ದು ಮದರಾಸಿನಲ್ಲಿ, ಇಲ್ಲಿ ಕೆಂಪೇಗೌಡ ರಸ್ತೆಯಲ್ಲಿ ತಮಿಳು, ಹಿಂದಿ ಚಿತ್ರಗಳ ಜೊತೆ ಜಾಗಕ್ಕೆ ಗುದ್ದಾಡಬೇಕಿತ್ತು. ಆ ರಸ್ತೆಯಲ್ಲಿ ಈಗ ಹೋದರೆ ಸಾಗರ್ ಟಾಕೀಸ್ ಇಲ್ಲ, ಕೆಂಪೇಗೌಡ ಟಾಕೀಸ್ ಇಲ್ಲ, ಅಲಂಕಾರ್ ಇದ್ದ ಕಡೆ ಅಂಗಡಿ ಮಳಿಗೆ. ಸ್ಟೇಟ್ಸ್ ಹೋಗಿ ಭೂಮಿಕಾ ಆಯಿತು. ಇದನ್ನು ಬರೆಯಲು ಶುರು ಮಾಡಿದರೆ ಪುಟ ಸಾಲುವುದಿಲ್ಲ, ಬಿಡಿ.

ಪ್ರಶ್ನೆ: ನಾನು 34 ವರ್ಷ ಮೇಷ್ಟ್ರಾಗಿದ್ದವನು. ಸಿನಿಮಾದ ಹಾಗೆ ನನ್ನ ಹತ್ತಿರ ಯಾವ ಪೊಲೀಸ್ ಅಧಿಕಾರಿ ಶಿಷ್ಯನೂ ಬಂದಿಲ್ಲ. ಗಾಂಧಿ ಬಜಾರಿನಲ್ಲಿ ಸೊಪ್ಪು ಮಾರುವವನೊಬ್ಬ ನನ್ನ ಏಳನೇ ಕ್ಲಾಸಿನ ಹುಡುಗ. ಗಣಿತಕ್ಕೆ ದಿನಾ ಹೊಡೆಯುತ್ತಿದ್ದೆ. ಈಗ ಕೊತ್ತಂಬರಿ ಸೊಪ್ಪಿಗೆ ಮಾತ್ರ ನನ್ನ ಹತ್ತಿರ ದುಡ್ಡು ತೆಗೆದುಕೊಳ್ಳುವುದಿಲ್ಲ, ಉಳಿದ ಎಲ್ಲದಕ್ಕೂ ಪೂರ್ತಿ ತೆಗೆದುಕೊಳ್ಳುತ್ತಾನೆ. ಇದು ಲೆಕ್ಕಕ್ಕೆ ಬರುತ್ತದಾ?
(ನಿವೃತ್ತ ಮೇಷ್ಟ್ರು, ಶ್ರೀನಗರ)

ಉತ್ತರ: ಬರುತ್ತದೆ ಸಾರ್. ಅವನಿಗೆ ಗಣಿತವೂ ಬಂದಿದೆ ಅಂತ ಆಯಿತಲ್ಲ. ಮುಂದಿನ ಶನಿವಾರ ಸೊಪ್ಪಿಗೆ ಹೋಗುವಾಗ ಹೇಳಿ, ನಾನೂ ಚೀಲ ತೆಗೆದುಕೊಂಡು ಬರುತ್ತೇನೆ.